ಎನ್‌ಸಿಎಎ ಬ್ಯಾಸ್ಕೆಟ್‌ಬಾಲ್ ಫೈನಲ್: ಯಾವ ದಿನ, ಎಷ್ಟು ಗಂಟೆಗೆ, ಯಾವ ಚಾನೆಲ್‌ನಲ್ಲಿ?

ಸೋಮವಾರದ_ಆಟ
ಮಾರ್ಚ್ ಕೊನೆ ಬಂತೆಂದರೆ ಅಮೆರಿಕದ ಕಾಲೇಜು ಬ್ಯಾಸ್ಕೆಟ್‌ಬಾಲ್ ಫೈನಲ್ ಬಗ್ಗೆ ಅವೇ ಮೂರು ಪ್ರಶ್ನೆ. ಉತ್ತರ ಕೊಡುವವರು ಹೋದ ವರ್ಷದ್ದನ್ನೇ ಹೇಳಿಬಿಡುತ್ತಾರೆ, ಅದು ಈ ವರ್ಷಕ್ಕೆ ಹೊಂದುವುದಿಲ್ಲ. ಯಾಕೆ ಹೊಂದುವುದಿಲ್ಲ ಅನ್ನುವುದರಿಂದಲೇ ಶುರು ಮಾಡೋಣ.

ಪುರುಷರ ಫೈನಲ್ ನಡೆಯುವುದು ಅಮೆರಿಕದ ಸೋಮವಾರ ರಾತ್ರಿ. 2016ರಿಂದ ಅದು ಎರಡು ಟಿವಿ ಮನೆಗಳ ನಡುವೆ ಓಡಾಡುತ್ತಿದೆ. ಬೆಸ ಸಂಖ್ಯೆಯ ವರ್ಷ ಸಿಬಿಎಸ್, ಸರಿ ಸಂಖ್ಯೆಯ ವರ್ಷ ಟಿಬಿಎಸ್. 2021ರಲ್ಲಿ ಬೇಲರ್ ವಿಶ್ವವಿದ್ಯಾಲಯದ ತಂಡ ಗೆದ್ದದ್ದು ಸಿಬಿಎಸ್‌ನಲ್ಲಿ, 2022ರಲ್ಲಿ ಕಾನ್ಸಸ್ ಗೆದ್ದದ್ದು ಟಿಬಿಎಸ್‌ನಲ್ಲಿ. ಯುಕಾನ್ (ಕನೆಕ್ಟಿಕಟ್ ವಿಶ್ವವಿದ್ಯಾಲಯ) ಸಾಲಾಗಿ ಎರಡು ಸಲ ಗೆದ್ದಾಗ 2023ರದ್ದು ಸಿಬಿಎಸ್, 2024ರದ್ದು ಟಿಬಿಎಸ್. 2025ರ ಫ್ಲಾರಿಡಾ ಮತ್ತೆ ಸಿಬಿಎಸ್. ಈ ಒಪ್ಪಂದ 2032ರ ತನಕ ಇದೆ. ಹಾಗಾಗಿ 2027ರ ಏಪ್ರಿಲ್ 5ರಂದು ಡೆಟ್ರಾಯಿಟ್‌ನ ಫೋರ್ಡ್ ಫೀಲ್ಡ್‌ನಲ್ಲಿ ಆಗಬೇಕಿರುವ ಫೈನಲ್ ಸಿಬಿಎಸ್ ಪಾಲು. 2028ರ ಏಪ್ರಿಲ್ 3ರ ಲಾಸ್ ವೇಗಸ್ ಫೈನಲ್ ಟಿಬಿಎಸ್ ಪಾಲು.

ಇದು ಚಾನೆಲ್ ನಂಬರಿನ ವ್ಯತ್ಯಾಸ ಅಷ್ಟೇ ಅಲ್ಲ. ಸಿಬಿಎಸ್ ಗಾಳಿಯಲ್ಲಿ ಬಿಟ್ಟಿ ಬರುವ ಚಾನೆಲ್, ಆಂಟೆನಾ ಇದ್ದರೆ ಸಾಕು. ಟಿಬಿಎಸ್ ಕೇಬಲ್ ಚಾನೆಲ್, ಎಷ್ಟು ಎತ್ತರಕ್ಕೆ ಆಂಟೆನಾ ಏರಿಸಿದರೂ ಸಿಗುವುದಿಲ್ಲ. ಬೆಸ ವರ್ಷದಲ್ಲಿ ಆಂಟೆನಾದಿಂದ ಆರಾಮಾಗಿ ನೋಡಿದವರು ಸರಿ ವರ್ಷದ ಸೋಮವಾರ ರಾತ್ರಿ ಪೇಚಾಡುವುದು ಇದಕ್ಕೇ.

ಬೆಳಗಿನ_ಫಿಲ್ಟರ್
ಬೆಂಗಳೂರಿನಿಂದ ಪ್ರಶ್ನೆ. 2025ರ ಫೈನಲ್ ರಾತ್ರಿ 8:50ಕ್ಕೆ ಇತ್ತು ಅಂತ ಬರೆದಿರುತ್ತಾರೆ, ಪಕ್ಕದಲ್ಲಿ ಇಎಸ್‌ಟಿ ಅಂತ. ಹತ್ತೂವರೆ ಗಂಟೆ ಕೂಡಿದರೆ ನಮ್ಮ ಬೆಳಗ್ಗೆ 7:20 ಆಗಬೇಕಲ್ಲ? ಸೋಮವಾರ ಅಂದರೆ ಸೋಮವಾರ ಬೆಳಗ್ಗೆಯೋ, ಮಂಗಳವಾರವೋ?

ಗಡಿಯಾರ_ಗಣಪ
ಮಂಗಳವಾರ ಬೆಳಗ್ಗೆ. ಮತ್ತೆ 7:20 ಅಲ್ಲ, 6:20.

ಇಎಸ್‌ಟಿ ಅನ್ನುವುದು ಅಮೆರಿಕದ ಪೂರ್ವ ಕರಾವಳಿಯ ಚಳಿಗಾಲದ ಗಡಿಯಾರ. ಮಾರ್ಚ್ ಎರಡನೇ ಭಾನುವಾರ ಅಮೆರಿಕದವರು ಗಡಿಯಾರ ಒಂದು ಗಂಟೆ ಮುಂದಿಡುತ್ತಾರೆ. ಅಲ್ಲಿಂದ ನವೆಂಬರ್ ತನಕ ಅದು ಇಡಿಟಿ, ನಮಗೂ ಅವರಿಗೂ ಒಂಬತ್ತೂವರೆ ಗಂಟೆ ಅಂತರ. ಆದರೆ ಬರೆಯುವವರು ವರ್ಷವಿಡೀ ಅಭ್ಯಾಸಬಲದಿಂದ ಇಎಸ್‌ಟಿ ಅಂತಲೇ ಒತ್ತುತ್ತಾರೆ. ಏಪ್ರಿಲ್ ತಿಂಗಳ ಆಟಕ್ಕೆ ಪಕ್ಕದಲ್ಲಿ ಏನೇ ಬರೆದಿರಲಿ, ಒಂಬತ್ತೂವರೆಯನ್ನೇ ಕೂಡಿ. ಹತ್ತೂವರೆ ಕೂಡಿ 7:20ಕ್ಕೆ ಟಿವಿ ಹಾಕಿದರೆ ಮೊದಲರ್ಧ ಮುಗಿದು ಜಾಹೀರಾತು ಓಡುತ್ತಿರುತ್ತದೆ.

ಶುರುವಾಗುವ ಹೊತ್ತು ಕೂಡ ವರ್ಷದಿಂದ ವರ್ಷಕ್ಕೆ ಸರಿಯುತ್ತದೆ. 2023 ಮತ್ತು 2024ರಲ್ಲಿ ಪೂರ್ವ ಕರಾವಳಿಯ ರಾತ್ರಿ 9:20, ಅಂದರೆ ನಮ್ಮ 6:50. 2025ರಲ್ಲಿ ಅರ್ಧ ಗಂಟೆ ಹಿಂದಕ್ಕೆ ಬಂತು. ಹಾಗಾಗಿ ಹೋದ ಸಲದ ಅಲಾರಂ ಹಾಗೇ ಉಳಿಸಿಕೊಳ್ಳಬೇಡಿ.

ದಿನದ ಲೆಕ್ಕಕ್ಕೆ ಒಂದು ಗುರುತು: 2024ರ ಏಪ್ರಿಲ್ 8ರ ರಾತ್ರಿ ಅರಿಝೋನಾದ ಗ್ಲೆಂಡೇಲ್‌ನಲ್ಲಿ ಯುಕಾನ್ 75-60ರಿಂದ ಪರ್ಡ್ಯೂವನ್ನು ಸೋಲಿಸುವಾಗ ನಮ್ಮಲ್ಲಿ ಏಪ್ರಿಲ್ 9, ಯುಗಾದಿ ಬೆಳಗ್ಗೆ. ಎಣ್ಣೆ ಸ್ನಾನದ ಹೊತ್ತಿಗೆ ಸರಿಯಾಗಿ ಫೈನಲ್.

ಮರಳುಗಾಡು
ಅರಿಝೋನಾ ಹೆಸರು ಬಂತಲ್ಲ, ಅಲ್ಲೊಂದು ಸಿಕ್ಕು. ಆ ರಾಜ್ಯದ ಬಹುಭಾಗ ಗಡಿಯಾರ ಬದಲಿಸುವುದೇ ಇಲ್ಲ. 2024ರಲ್ಲಿ ಕ್ರೀಡಾಂಗಣದ ಗೋಡೆ ಗಡಿಯಾರದಲ್ಲಿ ಸಂಜೆ 6:20, ನ್ಯೂಯಾರ್ಕ್‌ನಲ್ಲಿ 9:20. ಆಟ ನಡೆಯುವ ಊರಿನ ಹೊತ್ತನ್ನು ಹಿಡಿದು ಲೆಕ್ಕ ಹಾಕಲೇಬೇಡಿ. ಟಿವಿಯವರು ಪ್ರಕಟಿಸುವುದು ಪೂರ್ವ ಕರಾವಳಿಯ ಹೊತ್ತು, ಅದೊಂದನ್ನೇ ಹಿಡಿಯಿರಿ. ಡೆಟ್ರಾಯಿಟ್ ಪೂರ್ವದ ಗಡಿಯಾರದಲ್ಲೇ ಇರುವುದರಿಂದ 2027ಕ್ಕೆ ಈ ಗೊಂದಲ ಇಲ್ಲ. ವೇಗಸ್‌ಗೆ ಮತ್ತೆ ಮೂರು ಗಂಟೆ ವ್ಯತ್ಯಾಸ.

ಬೆಳಗಿನ_ಫಿಲ್ಟರ್
6:20 ಆದರೆ ಆಫೀಸಿಗೆ ಹೊರಡುವ ಮುಂಚೆ ಮುಗಿಯುತ್ತಾ?

ಗಡಿಯಾರ_ಗಣಪ
ಎರಡು ಗಂಟೆ ಇಪ್ಪತ್ತು ನಿಮಿಷ ಇಟ್ಟುಕೊಳ್ಳಿ. ಆಟದ ಗಡಿಯಾರದಲ್ಲಿ 40 ನಿಮಿಷ, 20-20ರ ಎರಡು ಭಾಗ. ಪ್ರತಿ ಭಾಗದಲ್ಲೂ 16, 12, 8, 4 ನಿಮಿಷ ಉಳಿದ ಮೇಲೆ ಆಟ ಮೊದಲ ಸಲ ನಿಂತಾಗ ಟಿವಿ ವಿರಾಮ. ಇದಲ್ಲದೆ ತಂಡಗಳೇ ಕೇಳುವ ಟೈಮ್‌ಔಟ್. 8:40ಕ್ಕೆ ಮುಗಿದೀತು. ಸಮಬಲವಾದರೆ 5 ನಿಮಿಷದ ಓವರ್‌ಟೈಮ್, ಅದಕ್ಕೆ ಇನ್ನೊಂದು 15-20 ನಿಮಿಷ. 2019ರಲ್ಲಿ ವರ್ಜೀನಿಯಾ 85-77ರಿಂದ ಟೆಕ್ಸಸ್ ಟೆಕ್ ವಿರುದ್ಧ ಗೆದ್ದದ್ದು ಓವರ್‌ಟೈಮ್‌ನಲ್ಲೇ. ಬೆಳಗ್ಗೆ 9ರ ಮೀಟಿಂಗ್ ಇದ್ದರೆ ಔಟರ್ ರಿಂಗ್ ರೋಡಿನಲ್ಲಿ ಅಲ್ಲ, ಮನೆಯಿಂದಲೇ.

ಛಾವಣಿ_ಆಂಟೆನಾ
ಬೆಸ ವರ್ಷದವರಿಗೆ ಆಂಟೆನಾ ಪಾಠ. ಅಮೆರಿಕದಲ್ಲಿ ಇರುವವರಿಗೆ ಮಾತ್ರ.

ಮೊದಲು ತಿಳಿಯಬೇಕಾದ್ದು: ಟಿವಿಯಲ್ಲಿ ಕಾಣುವ ಚಾನೆಲ್ ನಂಬರ್ ಬೇರೆ, ಅದು ನಿಜಕ್ಕೂ ಪ್ರಸಾರವಾಗುವ ತರಂಗದ ನಂಬರ್ ಬೇರೆ. ಡೆಟ್ರಾಯಿಟ್‌ನ ಸಿಬಿಎಸ್ ಟಿವಿಯಲ್ಲಿ 62, ಗಾಳಿಯಲ್ಲಿ 21. ಸ್ಯಾನ್ ಫ್ರಾನ್ಸಿಸ್ಕೋ ಕೊಲ್ಲಿಯ ಸಿಬಿಎಸ್ ಟಿವಿಯಲ್ಲಿ 5, ಗಾಳಿಯಲ್ಲಿ 29. ಇವೆರಡೂ ಯುಎಚ್‌ಎಫ್, ಅಂದರೆ ಅಲೆ ಗಿಡ್ಡ ಇರುವ ಪಟ್ಟಿ. ಕಿಟಕಿಗೆ ಅಂಟಿಸುವ ತೆಳು ಹಾಳೆಯಂಥ ಆಂಟೆನಾ ಹಿಡಿಯುತ್ತದೆ.

ಆದರೆ ಶಿಕಾಗೋ ಸಿಬಿಎಸ್ ಪರದೆ ಮೇಲೆ 2, ಗಾಳಿಯಲ್ಲಿ 12. ಹೂಸ್ಟನ್‌ನದ್ದು ಅಲ್ಲೂ 11, ಇಲ್ಲೂ 11. ಇವೆರಡೂ ವಿಎಚ್‌ಎಫ್ ಪಟ್ಟಿಯವು. ಈ ಊರುಗಳಲ್ಲಿ ಹಾಳೆ ಆಂಟೆನಾ ಕೊಂಡವರಿಗೆ ಮಿಕ್ಕ ಐವತ್ತು ಚಾನೆಲ್ ಬಂದು ಸಿಬಿಎಸ್ ಒಂದೇ ಕೈಕೊಡುತ್ತದೆ. ತಪ್ಪು ಟಿವಿಯದ್ದಲ್ಲ, ಆಂಟೆನಾದ ಅಳತೆಯದ್ದು. ವಿಎಚ್‌ಎಫ್ ಅಲೆ ಉದ್ದ, ಅದಕ್ಕೆ ಕಡ್ಡಿಯೂ ಉದ್ದ ಬೇಕು. ಹಳೇ ಕಾಲದ ಮೊಲದ ಕಿವಿಯಂಥ ಆಂಟೆನಾ ತಂದು ಎರಡೂ ಕಡ್ಡಿಯನ್ನು ತಲಾ 36-37 ಸೆಂ.ಮೀ. ಎಳೆದು, ಎಡಕ್ಕೊಂದು ಬಲಕ್ಕೊಂದು ಅಡ್ಡ ಮಲಗಿಸಿ. ಪೂರ್ತಿ ಎಳೆದು ಆಕಾಶಕ್ಕೆ ನಿಲ್ಲಿಸಿದರೆ ಹೆಚ್ಚು ಬರುತ್ತದೆ ಅನ್ನುವುದು ಸುಳ್ಳು, ಅಲೆಯ ಅರ್ಧದಷ್ಟು ಒಟ್ಟು ಉದ್ದ ಇದ್ದಾಗಲೇ ಚೆನ್ನಾಗಿ ಹಿಡಿಯುವುದು.

ಮಿಕ್ಕಂತೆ ಕೆಡುವುದು ಇವುಗಳಿಂದ: ಹೊಸ ಕಟ್ಟಡಗಳ ಲೋಹಲೇಪಿತ ಕಿಟಕಿ ಗಾಜು, ಗೋಡೆಯೊಳಗಿನ ಫಾಯಿಲ್ ಹೊದಿಕೆ, ಟಿವಿ ಹಿಂದಿನ ಅಗ್ಗದ ಎಲ್‌ಇಡಿ ದೀಪದ ಪಟ್ಟಿ. ಕೊನೆಯದು ವಿಎಚ್‌ಎಫ್‌ಗೆ ದೊಡ್ಡ ಶತ್ರು. ದೀಪ ಆರಿಸಿ ನೋಡಿ, ಚಿತ್ರ ಸರಿಹೋದರೆ ಅದೇ ಕಳ್ಳ. ಒಂದು ಆಂಟೆನಾವನ್ನು ಎರಡು ಟಿವಿಗೆ ಕವಲು ಮಾಡಿದರೆ ಅಲ್ಲೇ ಸುಮಾರು ಮೂರೂವರೆ ಡೆಸಿಬೆಲ್ ಹೋಯಿತು. ಗೋಪುರ ಹತ್ತಿರವೇ ಇದ್ದರೆ ಆಂಪ್ಲಿಫೈಯರ್ ಹಾಕಬೇಡಿ, ಟ್ಯೂನರ್‌ಗೆ ಅಜೀರ್ಣವಾಗುತ್ತದೆ.

ಆಂಟೆನಾ ಒಂದಿಂಚು ಸರಿಸಿದರೂ ಸಿಗ್ನಲ್ ಮೀಟರ್ ಕುಣಿಯುತ್ತದೆ. ಕಿಟಕಿಯ ಬಲ ಮೂಲೆ, ಎಡ ಮೂಲೆ, ಮೇಲೆ, ಕೆಳಗೆ, ನಾಲ್ಕೂ ಕಡೆ ಇಟ್ಟು ಪ್ರತಿ ಸಲ ಮತ್ತೆ ಸ್ಕ್ಯಾನ್ ಮಾಡಿ. ಬಹಳ ಜನ ಒಮ್ಮೆ ಸ್ಕ್ಯಾನ್ ಮಾಡಿ ಬಿಟ್ಟುಬಿಡುತ್ತಾರೆ.

ಬಾಡಿಗೆ_ಮನೆ
ಅಪಾರ್ಟ್‌ಮೆಂಟ್ ಮಾಲೀಕರು ಬಾಲ್ಕನಿಯಲ್ಲಿ ಆಂಟೆನಾ ಇಡಬೇಡಿ ಅಂದರೆ?

ಛಾವಣಿ_ಆಂಟೆನಾ
ನಿಮ್ಮೊಬ್ಬರ ಬಳಕೆಗೇ ಇರುವ ಬಾಲ್ಕನಿಯಾದರೆ ಹಾಗೆ ತಡೆಯುವಂತಿಲ್ಲ, ಅಮೆರಿಕದ ಸಂಪರ್ಕ ಆಯೋಗದ ನಿಯಮವೇ ಇದೆ. ಎಲ್ಲರ ಪಾಲಿನ ಛಾವಣಿ, ಹೊರಗೋಡೆಗೆ ಆ ರಕ್ಷಣೆ ಇಲ್ಲ. ಗೋಡೆಗೆ ತೂತು ಹೊಡೆಯಬೇಡಿ, ಕಟಕಟೆಯ ಒಳಗೆ ಸ್ಟ್ಯಾಂಡ್ ಮೇಲೆ ನಿಲ್ಲಿಸಿ.

ಕೇಬಲ್_ಕತ್ತರಿ
ಈಗ ಸರಿ ಸಂಖ್ಯೆಯ ವರ್ಷದ ಮಾತು. ಟಿಬಿಎಸ್ ಬೇಕೆಂದಾಗ ಜನ ಮಾಡುವ ಮೊದಲ ತಪ್ಪು: ಇಂಟರ್ನೆಟ್ ಮೂಲಕ ಟಿವಿ ಚಾನೆಲ್ ಕೊಡುವ ಸೇವೆಗಳಲ್ಲಿ ಕ್ರೀಡೆಗೆ ಹೆಸರಾದದ್ದು ಅಂತ ಫ್ಯೂಬೋ ಕೊಳ್ಳುವುದು. ಅದರಲ್ಲಿ 2020ರಿಂದ ಟಿಬಿಎಸ್ ಇಲ್ಲ, ಅದರ ಸೋದರ ಚಾನೆಲ್ ಟಿಎನ್‌ಟಿಯೂ ಇಲ್ಲ. ಬೆಸ ವರ್ಷಕ್ಕೆ ಸಾಕು, ಸಿಬಿಎಸ್ ಬರುತ್ತದೆ. ಸ್ಲಿಂಗ್ ಇದಕ್ಕೆ ತದ್ವಿರುದ್ಧ: ಟಿಬಿಎಸ್, ಟಿಎನ್‌ಟಿ ಉಂಟು, ಸಿಬಿಎಸ್ ಇಲ್ಲ. ಹಾಗಾಗಿ ಸ್ಲಿಂಗ್ ಮತ್ತು ಆಂಟೆನಾ ಜೋಡಿ ಎರಡೂ ವರ್ಷಕ್ಕೆ ಆಗುತ್ತದೆ. ಯೂಟ್ಯೂಬ್ ಟಿವಿ, ಹುಲು ಲೈವ್, ಡೈರೆಕ್ಟ್‌ಟಿವಿ ಇವುಗಳಲ್ಲಿ ಎರಡು ಮನೆಯ ಚಾನೆಲ್ಲೂ ಇರುತ್ತವೆ, ಬೆಲೆಯೂ ಹಾಗೇ. ಯೂಟ್ಯೂಬ್ ಟಿವಿ 2025ರ ಜನವರಿಯಲ್ಲಿ ತಿಂಗಳಿಗೆ 82.99 ಡಾಲರ್ ಮಾಡಿತು.

2025ರ ಆಗಸ್ಟ್‌ನಲ್ಲಿ ಸ್ಲಿಂಗ್ 4.99 ಡಾಲರಿನ ಒಂದು ದಿನದ ಪಾಸ್ ತಂದಿತು. ಒಂದೇ ಆಟ ನೋಡುವವರಿಗೆ ಹೇಳಿ ಮಾಡಿಸಿದ್ದು. ಆದರೆ ಚಾನೆಲ್ ಮಾಲೀಕರು ಅದರ ವಿರುದ್ಧ ಕೋರ್ಟಿಗೆ ಹೋದರು. ನೆಚ್ಚಿಕೊಂಡು ಕೂರುವ ಮುಂಚೆ ಆ ವಾರ ಪಾಸ್ ಸಿಗುತ್ತಿದೆಯೇ, ಅದರಲ್ಲಿ ಟಿಬಿಎಸ್ ಇದೆಯೇ ನೋಡಿಕೊಳ್ಳಿ.

2022 ಮತ್ತು 2024ರಲ್ಲಿ ಫೈನಲ್ ಟಿಬಿಎಸ್ ಜೊತೆಗೆ ಟಿಎನ್‌ಟಿ ಮತ್ತು ಟ್ರೂಟಿವಿಯಲ್ಲೂ ಬಂತು. ನಿಮ್ಮ ಪ್ಯಾಕಿನಲ್ಲಿ ಟಿಬಿಎಸ್ ಇಲ್ಲದೆ ಟಿಎನ್‌ಟಿ ಇದ್ದರೆ ಗಾಬರಿ ಬೇಡ.

ಉಚಿತ ಪ್ರಯೋಗದ ಅವಧಿ ಬಳಸುವವರು ಸೋಮವಾರ ಸಂಜೆ ಶುರು ಮಾಡಬೇಡಿ. ಶನಿವಾರದ ಸೆಮಿಫೈನಲ್‌ಗೇ ಶುರು ಮಾಡಿ. ಆ ವರ್ಷದ ಸೆಮಿಫೈನಲ್‌ಗಳೂ ಅದೇ ಮನೆಯ ಚಾನೆಲ್‌ನಲ್ಲಿ ಬರುತ್ತವೆ. ಲಾಗಿನ್, ಕಾರ್ಡ್, ಟಿವಿ ಆ್ಯಪ್, ಹಳೇ ಫೈರ್‌ಸ್ಟಿಕ್‌ನ ಅಪ್‌ಡೇಟ್, ಎಲ್ಲ ಜಗಳವೂ ಶನಿವಾರವೇ ಮುಗಿಯುತ್ತದೆ.

ಹುಬ್ಬಳ್ಳಿ_ಹೂಪ್ಸ್
ಶನಿವಾರದ ಮಾತು ಖರೆ ಅದ ನೋಡ್ರಿ. 2025ರಾಗ ಮೊದಲ ಸೆಮಿಫೈನಲ್ ಪೂರ್ವದ ಸಂಜಿ 6:09ಕ್ಕ, ಎರಡನೇದು 8:49ಕ್ಕ ಅಂತ ಹಾಕಿದ್ರು. ಆದ್ರ ಎರಡನೇದು ಮೊದಲನೇದು ಮುಗಿಯೂತನಕ ಶುರು ಆಗೂದಿಲ್ಲ, ಅಂಗಳ ಒಂದೇ. ಇಂಡಿಯಾದಾಗ ಇರೋರಿಗೆ ಭಾನುವಾರ ನಸುಕಿನ 3:39 ಮತ್ತ 6:19. ಮೊದಲನೇದಕ್ಕ ಏಳಲಿಕ್ಕೆ ಆಗಂಗಿಲ್ಲ ಅನ್ನೋರು ಎರಡನೇದರೆ ನೋಡ್ರಿ. ಆ ವರ್ಷ ಹೂಸ್ಟನ್ 14 ಪಾಯಿಂಟ್ ಹಿಂದ ಬಿದ್ದು 70-67ಕ್ಕ ಡ್ಯೂಕ್‌ನ ಸೋಲಿಸಿದ್ದು ಈ ಎರಡನೇ ಆಟದಾಗ. ಟೂರ್ನಿಯ ನಾಲ್ಕು ಗುಂಪಿನ ನಾಲ್ಕೂ ಒಂದನೇ ಶ್ರೇಯಾಂಕದ ತಂಡ ಸೆಮಿಫೈನಲ್‌ಗೆ ಬಂದಿದ್ದು 2008ರ ನಂತರ ಅದೇ ಮೊದಲು.

ಬೆಳಗಿನ_ಫಿಲ್ಟರ್
ಭಾರತದಿಂದ ಮಾರ್ಚ್ ಮ್ಯಾಡ್ನೆಸ್ (ಈ ಟೂರ್ನಿಯ ಅಡ್ಡಹೆಸರು) ಲೈವ್ ಆ್ಯಪ್ ತೆರೆದರೆ ನಿಮ್ಮ ಪ್ರದೇಶದಲ್ಲಿ ಲಭ್ಯವಿಲ್ಲ ಅನ್ನುತ್ತದೆ. ವಿಪಿಎನ್ ಹಾಕಿದರೆ?

ಕೇಬಲ್_ಕತ್ತರಿ
ಆ ಆ್ಯಪ್‌ನ ನೇರ ಪ್ರಸಾರ ಅಮೆರಿಕದ ಒಳಗೆ ಮಾತ್ರ. ವಿಪಿಎನ್ ಹಾಕಿ ಒಳಗೆ ಹೊಕ್ಕರೂ ಅಮೆರಿಕದ ಟಿವಿ ಚಂದಾದಾರರ ಲಾಗಿನ್ ಕೇಳುತ್ತದೆ. ಫೋನಿನಲ್ಲಾದರೆ ಜಿಪಿಎಸ್ ಬೇರೆ ಸಾಕ್ಷಿ ಹೇಳುತ್ತದೆ. ಸೇವೆಯ ಷರತ್ತಿಗೂ ವಿರುದ್ಧ. ಅಣ್ಣನ ಯೂಟ್ಯೂಬ್ ಟಿವಿ ಪಾಸ್‌ವರ್ಡ್ ನ್ಯೂಜೆರ್ಸಿಯಿಂದ ತರಿಸಿಕೊಂಡು ಮೈಸೂರಿನಲ್ಲಿ ಹಾಕುವುದೂ ನಡೆಯುವುದಿಲ್ಲ, ಅದೂ ಅಮೆರಿಕದ ಹೊರಗೆ ಓಡುವುದಿಲ್ಲ.

ಭಾರತದ ಪ್ರಸಾರ ಹಕ್ಕು ಕೈ ಬದಲಿಸುತ್ತಿರುತ್ತದೆ. ಹಿಂದೊಮ್ಮೆ ಇಂಥ ಚಾನೆಲ್‌ನಲ್ಲಿ ಬಂದಿತ್ತು ಅಂತ ರೀಚಾರ್ಜ್ ಮಾಡಬೇಡಿ. ಫೈನಲ್‌ಗೆ ಮುಂಚಿನ ಗುರುವಾರ, ಶುಕ್ರವಾರ ಆ ಆ್ಯಪ್‌ಗಳ ಮುಂದಿನ ಕಾರ್ಯಕ್ರಮದ ಪಟ್ಟಿಯಲ್ಲಿ ಆಟದ ಹೆಸರೇ ಕಂಡರೆ ಮಾತ್ರ ದುಡ್ಡು ಕಟ್ಟಿ. ಇಲ್ಲದಿದ್ದರೆ ಮಾರ್ಚ್ ಮ್ಯಾಡ್ನೆಸ್‌ನ ಅಧಿಕೃತ ಯೂಟ್ಯೂಬ್ ಚಾನೆಲ್‌ನಲ್ಲಿ ಆಟ ಮುಗಿದ ಮೇಲೆ ಮುಖ್ಯಾಂಶ ಹಾಕುತ್ತಾರೆ. ಅದನ್ನು ನೋಡುವವರೆಗೆ ಫೋನಿನ ಸುದ್ದಿ ಬಂದ್ ಮಾಡಿ, ಯಾಕೆಂದರೆ ಯೂಟ್ಯೂಬ್ ವಿಡಿಯೋದ ಶೀರ್ಷಿಕೆಯಲ್ಲೇ ಗೆದ್ದವರ ಕಥೆ ಇರುತ್ತದೆ.

ತಡವಾದ_ಚಿತ್ರ
ಸುದ್ದಿ ಬಂದ್ ಮಾಡುವ ಮಾತು ಅಮೆರಿಕದಲ್ಲಿ ನೇರ ನೋಡುವವರಿಗೂ ಅಷ್ಟೇ ಮುಖ್ಯ. ಆಂಟೆನಾದ ಚಿತ್ರ ಕೆಲವೇ ಸೆಕೆಂಡು ಹಿಂದೆ ಇರುತ್ತದೆ. ಸ್ಟ್ರೀಮಿಂಗ್ 30 ಸೆಕೆಂಡಿನಿಂದ ಒಂದು ನಿಮಿಷದವರೆಗೂ ಹಿಂದೆ ಬೀಳುತ್ತದೆ. ಸಾಧಾರಣ ಆಟಕ್ಕೆ ಇದು ಲೆಕ್ಕಕ್ಕಿಲ್ಲ. ಆದರೆ 2025ರ ಸ್ಯಾನ್ ಆ್ಯಂಟೋನಿಯೋ ಫೈನಲ್ ತೆಗೆದುಕೊಳ್ಳಿ.

ಹೂಸ್ಟನ್ ವಿರುದ್ಧ ಫ್ಲಾರಿಡಾ ದ್ವಿತೀಯಾರ್ಧದಲ್ಲಿ 12 ಪಾಯಿಂಟ್ ಹಿಂದಿತ್ತು. ಇಡೀ 40 ನಿಮಿಷದ ಆಟದಲ್ಲಿ ಅವರು ಮುನ್ನಡೆಯಲ್ಲಿ ಇದ್ದದ್ದು ಒಟ್ಟು 64 ಸೆಕೆಂಡು. ಫ್ಲಾರಿಡಾದ ಅಲೈಜಾ ಮಾರ್ಟಿನ್ ಎರಡು ಫ್ರೀ ಥ್ರೋ (ಫೌಲ್ ಆದಾಗ ಸಿಗುವ, ಯಾರೂ ಅಡ್ಡ ಬರದ ಎಸೆತ) ಹಾಕಿದಾಗ 64-63, ಇನ್ನೊಂದು ಫ್ರೀ ಥ್ರೋ ಸೇರಿ 65-63. ಕೊನೆಯ ಚೆಂಡು ಹೂಸ್ಟನ್ ಕೈಯಲ್ಲಿ. ಎಮ್ಯಾನ್ಯುಯೆಲ್ ಶಾರ್ಪ್ ಮೂರು ಪಾಯಿಂಟ್ ಗೆರೆಯ ಹೊರಗಿನಿಂದ ಎಸೆಯಲು ಎದ್ದ. ಫ್ಲಾರಿಡಾದ ವಾಲ್ಟರ್ ಕ್ಲೇಟನ್ ಕೈ ಚಾಚಿ ಮೈಮೇಲೆ ಬಂದ. ಶಾರ್ಪ್ ಎಸೆಯಲಾಗದೆ ಗಾಳಿಯಲ್ಲಿದ್ದಂತೆಯೇ ಚೆಂಡು ಕೆಳಗೆ ಬಿಟ್ಟ. ಅದು ಅವನ ಕಾಲ ಬಳಿಯೇ ಪುಟಿಯುತ್ತಿದೆ, ಅವನು ಮುಟ್ಟುವ ಹಾಗಿಲ್ಲ, ಮುಟ್ಟಿದರೆ ನಿಯಮಭಂಗ. ಅವನು ನೋಡುತ್ತ ನಿಂತ, ಫ್ಲಾರಿಡಾದ ಅಲೆಕ್ಸ್ ಕಾಂಡನ್ ಅದರ ಮೇಲೆ ಬಿದ್ದ, ಗಡಿಯಾರ ಮುಗಿಯಿತು. ಕೊನೆಗೆ ಒಂದು ಎಸೆತ ಕೂಡ ಇಲ್ಲ.

ಈ ದೃಶ್ಯವನ್ನು ಒಂದು ನಿಮಿಷ ತಡವಾಗಿ ನೋಡುವವನ ಜೇಬಿನಲ್ಲಿ ಫೋನ್ ಅದಕ್ಕೂ ಮುಂಚೆ ಗುಂಯ್ ಅನ್ನುತ್ತದೆ: ಫ್ಲಾರಿಡಾ ಚಾಂಪಿಯನ್. ಅಲ್ಲಿಗೆ ಮುಗಿಯಿತು.

ಪರಿಹಾರ: ಸ್ಕೋರ್ ಆ್ಯಪ್‌ಗಳ ನೋಟಿಫಿಕೇಶನ್ ಆಫ್, ವಾಟ್ಸ್ಯಾಪ್ ಗುಂಪು ಮ್ಯೂಟ್. ಯೂಟ್ಯೂಬ್ ಟಿವಿಯಲ್ಲಿ ಆಟ ಓಡುತ್ತಿರುವಾಗ ಮೂರು ಚುಕ್ಕಿ ಒತ್ತಿದರೆ ಪ್ರಸಾರದ ವಿಳಂಬ ಅಂತ ಒಂದು ಆಯ್ಕೆ ಇದೆ, ಅದನ್ನು ಕಡಿಮೆಗೆ ಇಳಿಸಿ. ಹಾಗೆ ಇಳಿಸಿದರೆ ಮುಂಗಡ ಸಂಗ್ರಹ ಕಮ್ಮಿಯಾಗುತ್ತದೆ, ವೈಫೈ ಸೋಮಾರಿಯಾದರೆ ಚಿತ್ರ ನಿಲ್ಲುತ್ತದೆ. ಟಿವಿಗೆ ತಂತಿ ಎಳೆದವರು ಮಾತ್ರ ಇಳಿಸಿ ಅನ್ನುವುದು ನನ್ನ ಅಭಿಪ್ರಾಯ.

ಮಂಗ್ಳೂರು_ಮಿಡ್‌ರೇಂಜ್
ಅದಕ್ಕಿಂತ ಸುಲಭ ಉಂಟಲ್ಲ ಮಾರಾಯ್ರೆ. ಬೆಸ ವರ್ಷದಲ್ಲಿ ಆಂಟೆನಾ ಇದ್ದವರ ಮನೆಗೆ ಹೋಗುವುದು.

ತಡವಾದ_ಚಿತ್ರ
ಒಪ್ಪಿದೆ. ಆದರೆ ಒಂದೇ ಬೀದಿಯಲ್ಲಿ ಅವರ ಮನೆಯ ಕೂಗು ನಿಮ್ಮ ಮನೆಗೆ ಮೊದಲು ಕೇಳಿಸುತ್ತದೆ, ನೆನಪಿರಲಿ.

ಹಾಲ್_ಪ್ರೊಜೆಕ್ಟರ್
ಗುಂಪಾಗಿ ನೋಡುವವರಿಗೆ ಎರಡು ಮಾತು. ಹಳೇ ಪ್ರೊಜೆಕ್ಟರ್‌ಗೆ ಸ್ಟ್ರೀಮಿಂಗ್ ಡಬ್ಬಿ ಜೋಡಿಸಿದರೆ ಮೆನು ಕಾಣುತ್ತದೆ, ಆಟ ಹಾಕಿದೊಡನೆ ಕಪ್ಪು ಪರದೆ. ನಕಲು ತಡೆಯುವ ಎಚ್‌ಡಿಸಿಪಿ ಅನ್ನುವ ಕೈಕುಲುಕಾಟ ಆ ಪ್ರೊಜೆಕ್ಟರ್‌ಗೆ ಬರುವುದಿಲ್ಲ, ಅದಕ್ಕೆ. ಕೇಬಲ್ ಬದಲಿಸಿ ಪ್ರಯೋಜನವಿಲ್ಲ. ಇದೂ ಶನಿವಾರವೇ ಪರೀಕ್ಷಿಸಬೇಕಾದ್ದು.

ಎರಡನೆಯದು ಧ್ವನಿ. ಬ್ಲೂಟೂತ್ ಸ್ಪೀಕರ್ ಹಾಕಿದರೆ ಚೆಂಡು ನೆಲ ಮುಟ್ಟಿದ ಮೇಲೆ ಟಪ್ ಅನ್ನುತ್ತದೆ. ಹತ್ತು ನಿಮಿಷ ನೋಡುವಷ್ಟರಲ್ಲಿ ತಲೆ ಕೆಡುತ್ತದೆ. ತಂತಿಯ ಸ್ಪೀಕರ್ ಇರಲಿ. ಮೊಬೈಲ್ ಹಾಟ್‌ಸ್ಪಾಟ್ ನಂಬಿದವರಿಗೆ: ಎಚ್‌ಡಿ ಚಿತ್ರ ಗಂಟೆಗೆ ಸುಮಾರು 3 ಜಿಬಿ ತಿನ್ನುತ್ತದೆ, ಮುನ್ನೋಟ ಸೇರಿ 8-9 ಜಿಬಿ ಉಳಿದಿರಬೇಕು.

ಎನ್‌ಬಿಎ_ಕಣ್ಣು
ಎನ್‌ಬಿಎ (ಅಮೆರಿಕದ ವೃತ್ತಿಪರ ಲೀಗ್) ಮಾತ್ರ ನೋಡಿ ಅಭ್ಯಾಸ ಇರುವವರು ಏನು ತಿಳಿದಿರಬೇಕು? ಕೊನೆಯ ಎರಡು ನಿಮಿಷದಲ್ಲಿ ಯಾಕೆ ಬೇಕಂತಲೇ ಎದುರಾಳಿಯನ್ನು ಹೊಡೆದು ಫೌಲ್ ಮಾಡುತ್ತಾರೆ?

ಸೀಟಿ
ಶಾಟ್ ಕ್ಲಾಕ್, ಅಂದರೆ ಚೆಂಡು ಸಿಕ್ಕ ತಂಡ ಬುಟ್ಟಿಗೆ ಎಸೆಯಲು ಇರುವ ಗಡುವು, 30 ಸೆಕೆಂಡು, ಎನ್‌ಬಿಎಯ 24 ಅಲ್ಲ. 5 ಫೌಲ್‌ಗೆ ಆಟಗಾರ ಹೊರಗೆ, 6ಕ್ಕೆ ಅಲ್ಲ. ಮೂರು ಪಾಯಿಂಟ್ ಗೆರೆ 22 ಅಡಿ 1¾ ಇಂಚು, ಎನ್‌ಬಿಎಗಿಂತ ಹತ್ತಿರ. ಟೈಮ್‌ಔಟ್ ತೆಗೆದುಕೊಂಡು ಚೆಂಡನ್ನು ಎದುರಾಳಿ ಅಂಗಳಕ್ಕೆ ಒಯ್ಯುವ ಎನ್‌ಬಿಎ ಸೌಲಭ್ಯ ಇಲ್ಲಿಲ್ಲ. 2 ಸೆಕೆಂಡು ಉಳಿದಿದ್ದರೂ ಇಡೀ ಅಂಗಳ ದಾಟಬೇಕು. ಕಾಲೇಜು ಆಟದ ಕೊನೆಗಳಿಗೆ ಬೇರೆಯೇ ರುಚಿ ಇರುವುದು ಇದರಿಂದ. 2016ರಲ್ಲಿ 4.7 ಸೆಕೆಂಡು ಇದ್ದಾಗ ವಿಲನೋವಾ ತನ್ನ ಬುಟ್ಟಿಯ ಕೆಳಗಿನಿಂದ ಚೆಂಡು ತಂದು, ಕ್ರಿಸ್ ಜೆಂಕಿನ್ಸ್ ಗಡಿಯಾರ ಮುಗಿಯುವಾಗ ಮೂರು ಪಾಯಿಂಟ್ ಹಾಕಿ 77-74ರಿಂದ ನಾರ್ತ್ ಕ್ಯಾರೊಲಿನಾವನ್ನು ಸೋಲಿಸಿದ್ದು ನೋಡಿ.

ಬೇಕಂತಲೇ ಫೌಲ್ ಮಾಡುವುದು ಲೆಕ್ಕಾಚಾರ. ಹಿಂದಿರುವ ತಂಡಕ್ಕೆ ಗಡಿಯಾರ ನಿಲ್ಲಬೇಕು. ಪುರುಷರ ಆಟದಲ್ಲಿ ಒಂದು ಅರ್ಧದಲ್ಲಿ ತಂಡದ 7ನೇ ಫೌಲ್‌ನಿಂದ ಎದುರಾಳಿಗೆ 'ಒಂದು ಹಾಕಿದರೆ ಇನ್ನೊಂದು': ಮೊದಲ ಫ್ರೀ ಥ್ರೋ ತಪ್ಪಿದರೆ ಎರಡನೆಯದು ಸಿಗುವುದೇ ಇಲ್ಲ, ಚೆಂಡು ಆಟಕ್ಕೆ ಬರುತ್ತದೆ. ಆ ಜೂಜಿಗಾಗಿಯೇ ಹೊಡೆಯುತ್ತಾರೆ. 10ನೇ ಫೌಲ್‌ನಿಂದ ಎರಡೂ ಖಾತ್ರಿ. ಪರದೆಯ ಕೆಳಗೆ ಸ್ಕೋರ್ ಪಕ್ಕ ಬೋನಸ್ ಅಂತ ಬರುವುದು ಇದನ್ನೇ. ಎರಡು ನಿಮಿಷದ ಆಟಕ್ಕೆ ಹದಿನೈದು ನಿಮಿಷ ಹಿಡಿಯುವುದೂ ಇದರಿಂದಲೇ.

ಇಬ್ಬರೂ ಒಟ್ಟಿಗೆ ಚೆಂಡು ಹಿಡಿದರೆ ಮತ್ತೆ ಮೇಲೆಸೆಯುವುದಿಲ್ಲ, ಮೇಜಿನ ಮೇಲಿನ ಬಾಣ ಯಾರ ಕಡೆ ಇದೆಯೋ ಅವರಿಗೆ. 2025-26ರಿಂದ ಕ್ರಿಕೆಟ್‌ನ ಡಿಆರ್‌ಎಸ್ ತರಹ ಕೋಚ್ ರಿವ್ಯೂ ಕೇಳಬಹುದು, ಕೈಯಲ್ಲಿ ಟೈಮ್‌ಔಟ್ ಇದ್ದರೆ ಮಾತ್ರ. ಮೊದಲನೆಯದು ಸರಿಯಾದರೆ ಇನ್ನೊಂದು ಸಿಗುತ್ತದೆ.

ಹದಿನಾರನೇ_ನಂಬರ್
ಇಷ್ಟು ಹೊತ್ತೂ ಪುರುಷರ ಫೈನಲ್ ಮಾತ್ರ. ಮಹಿಳೆಯರದ್ದು ಯಾರಿಗೂ ಬೇಡವಾ? 2024ರಲ್ಲಿ ಸೌತ್ ಕ್ಯಾರೊಲಿನಾ 87-75ರಿಂದ ಕೇಟ್ಲಿನ್ ಕ್ಲಾರ್ಕ್ ಇದ್ದ ಅಯೋವಾವನ್ನು ಸೋಲಿಸಿದ ಆಟವನ್ನು ಪುರುಷರ ಫೈನಲ್‌ಗಿಂತ ಹೆಚ್ಚು ಜನ ನೋಡಿದರು.

ನೋಡಲು ಇದೇ ಸುಲಭ. ಸೆಮಿಫೈನಲ್ ಶುಕ್ರವಾರ, ಫೈನಲ್ ಭಾನುವಾರ. 2024, 2025 ಎರಡೂ ಸಲ ಪೂರ್ವದ ಮಧ್ಯಾಹ್ನ 3ಕ್ಕೆ, ಎಬಿಸಿಯಲ್ಲಿ. ಎಬಿಸಿಯೂ ಗಾಳಿಯಲ್ಲಿ ಬಿಟ್ಟಿ ಬರುವ ಚಾನೆಲ್, ಬೆಸ-ಸರಿ ಕಾಟ ಇಲ್ಲ. ಭಾರತದಲ್ಲಿ ಭಾನುವಾರ ರಾತ್ರಿ 12:30, ಕ್ಯಾಲೆಂಡರ್ ಪ್ರಕಾರ ಸೋಮವಾರ. ಅಲಾರಂ ಇಡುವಾಗ ದಿನ ತಪ್ಪುವುದು ಇಲ್ಲೇ ಹೆಚ್ಚು. ಆಟ 10 ನಿಮಿಷದ ನಾಲ್ಕು ಭಾಗ, ಬೋನಸ್ ಪ್ರತಿ ಭಾಗದ 5ನೇ ಫೌಲ್‌ನಿಂದ, ನೇರ ಎರಡು ಫ್ರೀ ಥ್ರೋ. 'ಒಂದು ಹಾಕಿದರೆ ಇನ್ನೊಂದು' ಇಲ್ಲ.

ನಮ್ಮವರಿಗೆ ಒಂದು ನಂಟೂ ಇದೆ: ಬೆಂಗಳೂರಿನ ಸಂಜನಾ ರಮೇಶ್ ನಾರ್ದರ್ನ್ ಅರಿಝೋನಾ ವಿಶ್ವವಿದ್ಯಾಲಯಕ್ಕೆ ಡಿವಿಷನ್ ಒಂದರಲ್ಲಿ, ಅಂದರೆ ಕಾಲೇಜು ಆಟದ ಮೇಲಿನ ದರ್ಜೆಯಲ್ಲಿ, ಆಡಿದವರು. ಬಿಗ್ ಸ್ಕೈ ಒಕ್ಕೂಟದ ತಂಡ ಅದು. ಅಂಥ ಸಣ್ಣ ಒಕ್ಕೂಟದ ಚಾಂಪಿಯನ್‌ಗೂ ಟೂರ್ನಿಗೆ ನೇರ ಪ್ರವೇಶ ಇದೆ.

ಸೋಮವಾರದ_ಆಟ
ಬಿಟ್ಟು ಹೋದದ್ದು ನನ್ನದೇ ತಪ್ಪು. 2027ರ ಮಹಿಳೆಯರ ಫೈನಲ್ ಒಹಾಯೋದ ಕೊಲಂಬಸ್‌ನಲ್ಲಿ, ಪುರುಷರದ್ದು ಡೆಟ್ರಾಯಿಟ್‌ನಲ್ಲಿ. ಕಾರಿನಲ್ಲಿ ಮೂರು-ಮೂರೂವರೆ ಗಂಟೆ ದಾರಿ. ಭಾನುವಾರ ಅದು, ಸೋಮವಾರ ಇದು, ಎರಡನ್ನೂ ಕಣ್ಣಾರೆ ನೋಡಬಹುದಾದ ವರ್ಷ ಅಪರೂಪ.

ಫೋರ್ಡ್‌ಫೀಲ್ಡ್_ದಾರಿ
ಹೋಗುವವರಿಗೆ: ಫೋರ್ಡ್ ಫೀಲ್ಡ್ ಫುಟ್‌ಬಾಲ್ ಅಂಗಳ. ನಡುವೆ ಎತ್ತರದ ವೇದಿಕೆ ಕಟ್ಟಿ ಅದರ ಮೇಲೆ ಬ್ಯಾಸ್ಕೆಟ್‌ಬಾಲ್ ಹಾಸು ಹಾಸುತ್ತಾರೆ. ಮೇಲಿನ ಸ್ತರದಿಂದ ಆಟಗಾರರು ಕಡ್ಡಿಗಳ ಹಾಗೆ ಕಾಣುತ್ತಾರೆ, ಮೇಲೆ ತೂಗುವ ಪರದೆಯನ್ನೇ ನೋಡುತ್ತೀರಿ. ದುರ್ಬೀನು ಒಯ್ಯಿರಿ. ಬ್ಯಾಗು ಪಾರದರ್ಶಕ ಇರಬೇಕು, 12 ಇಂಚು ಉದ್ದ, 12 ಎತ್ತರ, 6 ಅಗಲದ ಒಳಗೆ. ಟಿಕೆಟ್ ಫೋನಿನಲ್ಲೇ, ಹಾಗಾಗಿ ಮನೆಯಲ್ಲೇ ಡೌನ್‌ಲೋಡ್ ಮಾಡಿ ಇಟ್ಟುಕೊಳ್ಳಿ. ಬಾಗಿಲ ಬಳಿ ಸಾವಿರಾರು ಜನ ಒಟ್ಟಿಗೆ ಫೋನ್ ತೆರೆದಾಗ ನೆಟ್‌ವರ್ಕ್ ಏಳುವುದಿಲ್ಲ.

ಫೈನಲ್ ಒಂದೇ ಸಾಕು ಅನ್ನುವವರು ಶನಿವಾರ ರಾತ್ರಿ ಎರಡೂ ಸೆಮಿಫೈನಲ್ ಮುಗಿಯುವ ತನಕ ಕಾಯಿರಿ. ಸೋತ ಎರಡು ತಂಡದವರು ಟಿಕೆಟ್ ಮಾರಾಟಕ್ಕೆ ಇಡುತ್ತಾರೆ, ಭಾನುವಾರ ಬೆಲೆ ಇಳಿಯುವುದೇ ಹೆಚ್ಚು. ಊರು ಹತ್ತಿರದ ತಂಡ ಫೈನಲ್‌ಗೆ ಬಂದರೆ ಮಾತ್ರ ಈ ಲೆಕ್ಕ ತಲೆಕೆಳಗಾಗುತ್ತದೆ.

ರಾತ್ರಿ_ಪಾಳಿ
ಸೋಮವಾರ ರಾತ್ರಿ ಡ್ಯೂಟಿ ಇರುವವರು ರೆಕಾರ್ಡ್ ಮಾಡಿದರೆ ಕೊನೆ ಸಿಗುತ್ತಾ? ಕೆಲಸದಲ್ಲಿ ಕೇಳಲು ರೇಡಿಯೋ ಇದೆಯಾ?

ಛಾವಣಿ_ಆಂಟೆನಾ
ಆಂಟೆನಾ ರೆಕಾರ್ಡರ್ ಆದರೆ ಸಿಗುವುದಿಲ್ಲ ಅಂತಲೇ ಇಟ್ಟುಕೊಳ್ಳಿ. ಅದು ಕಾರ್ಯಕ್ರಮ ಪಟ್ಟಿಯ ಗಂಟೆ ನೋಡಿ ನಿಲ್ಲುತ್ತದೆ, ಆಟ ನೋಡಿ ಅಲ್ಲ. ಕೊನೆಗೆ 60 ನಿಮಿಷ ಹೆಚ್ಚುವರಿ ಸೇರಿಸಿ. ಸೇರಿಸುವ ಸೌಲಭ್ಯ ಇಲ್ಲದಿದ್ದರೆ ಆಟದ ನಂತರ ಬರುವ ಸ್ಥಳೀಯ ವಾರ್ತೆ, ಅದರ ಮುಂದಿನ ಟಾಕ್ ಶೋ ಎರಡನ್ನೂ ರೆಕಾರ್ಡಿಗೆ ಹಾಕಿ. ಹೆಸರು ವಾರ್ತೆ ಅಂತಿರುತ್ತದೆ, ಒಳಗೆ ಓವರ್‌ಟೈಮ್ ಇರುತ್ತದೆ. ಯೂಟ್ಯೂಬ್ ಟಿವಿಯಂಥವು ನೇರ ಕ್ರೀಡೆಯನ್ನು ತಾವೇ ಹಿಗ್ಗಿಸುತ್ತವೆ. ಆದರೂ ಮುಂದಿನ ಕಾರ್ಯಕ್ರಮ ಸೇರಿಸುವುದಕ್ಕೆ ಖರ್ಚೇನಿಲ್ಲ.

ರೇಡಿಯೋ ಇದೆ. ವೆಸ್ಟ್‌ವುಡ್ ಒನ್ ಬಳಗದ ವೀಕ್ಷಕ ವಿವರಣೆ ಸ್ಥಳೀಯ ಕ್ರೀಡಾ ಸ್ಟೇಶನ್‌ಗಳಲ್ಲಿ, ಸಿರಿಯಸ್ ಎಕ್ಸ್‌ಎಮ್ ಉಪಗ್ರಹ ರೇಡಿಯೋದಲ್ಲಿ ಬರುತ್ತದೆ. ಚಂದಾ ಲಾಗಿನ್ ಇಲ್ಲದೆ ಮಾರ್ಚ್ ಮ್ಯಾಡ್ನೆಸ್ ಆ್ಯಪ್‌ನಲ್ಲೂ ಕೇಳಬಹುದು. ಟಿವಿಯ ಧ್ವನಿ ಇಳಿಸಿ ಇದನ್ನು ಹಾಕಿಕೊಳ್ಳುವ ಐಡಿಯಾ ಬೇಡ, ರೇಡಿಯೋದವರು ಬುಟ್ಟಿಗೆ ಬಿತ್ತು ಅನ್ನುವಾಗ ನಿಮ್ಮ ಪರದೆಯಲ್ಲಿ ಇನ್ನೂ ಚೆಂಡು ಪುಟಿಸುತ್ತಿರುತ್ತಾರೆ.